ಕಂದಾಚಾರ

ಕಂದಾಚಾರ ಎಂಬುದು ವಿಜಯನಗರ ಮತ್ತು ಮೈಸೂರು ರಾಜ್ಯಗಳ ಆಡಳಿತದಲ್ಲಿ ಸೇನಾ ಇಲಾಖೆಗೆ ಇದ್ದ ಹೆಸರು. ಆ ಇಲಾಖೆಯ ಪಟ್ಟಿಯಲ್ಲಿದ್ದ ಊರೂರಿನ ನಾಡಪಡೆಗೂ ಇದೇ ಹೆಸರು ಸಂದಿತು. ಇಂದಿನ ಕನ್ನಡದಲ್ಲಿ ಈ ಪದ ಕೇಳಿದ ಕೂಡಲೇ ಯಾರಿಗೂ ಸೈನಿಕರು ನೆನಪಾಗುವುದಿಲ್ಲ. ಅರ್ಥ ತಿಳಿಯದೆ ಪಾಲಿಸುವ ಸಂಪ್ರದಾಯ, ಕುರುಡು ಆಚರಣೆ, ಮಡಿ ಮೈಲಿಗೆಯ ಅತಿರೇಕ ಇವೇ ಮನಸ್ಸಿಗೆ ಬರುತ್ತವೆ. ಕೋವಿ ಹಿಡಿದು ಊರಿನ ಹುಡೇವು (ಕಾವಲು ಬುರುಜು) ಕಾಯುತ್ತಿದ್ದವನ ಹೆಸರು ಮೂಢನಂಬಿಕೆಯ ಜೋಡಿಪದವಾಗಿ ಉಳಿದದ್ದು ಕನ್ನಡದ ಸೇನಾ ಪದಗಳ ಚರಿತ್ರೆಯಲ್ಲಿ ಬಹಳ ಅಪರೂಪದ ಸಂಗತಿ. ಹಳೆಯ ಕಡತ, ಕೈಫಿಯತ್ತು, ಲೆಕ್ಕದ ಪುಸ್ತಕಗಳನ್ನು ಓದುವವರಿಗೆ ಪದದ ಮೊದಲ ಅರ್ಥ ಗೊತ್ತಿರಲೇಬೇಕು. ಇಲ್ಲದಿದ್ದರೆ ಸಂಬಳದ ಪಟ್ಟಿಯೊಂದು ಪೂಜೆಯ ಖರ್ಚಿನಂತೆ ಕಂಡೀತು.

ಪದದ ಮೂಲವನ್ನು ಸಂಸ್ಕೃತದ ‘ಸ್ಕಂಧ’ದ ಕಡೆಗೆ ಒಯ್ಯುವುದು ಸಮಂಜಸವಾಗಿ ತೋರುತ್ತದೆ. ಸ್ಕಂಧ ಎಂದರೆ ಹೆಗಲು, ಮರದ ಕಾಂಡ, ಗ್ರಂಥದ ಭಾಗ; ಸೈನ್ಯದ ಒಂದು ವಿಭಾಗ ಎಂಬ ಅರ್ಥವೂ ಇದೆ. ರಾಜನು ಸೇನೆಯೊಡನೆ ಬೀಡುಬಿಟ್ಟ ನೆಲೆಗೆ ‘ಸ್ಕಂಧಾವಾರ’ ಎನ್ನುತ್ತಿದ್ದರು. ಸ್ಕಂಧ ಎಂಬುದು ಪ್ರಾಕೃತದ ಮೂಲಕ ಕನ್ನಡಕ್ಕೆ ಬರುವಾಗ ಆದಿಯ ಸಕಾರ ಕಳಚಿ, ಮಹಾಪ್ರಾಣ ಅಲ್ಪಪ್ರಾಣವಾಗಿ ‘ಕಂದ’ ಆಗುತ್ತದೆ. ಹಳಗನ್ನಡದ ಕಂದಪದ್ಯದ ಹೆಸರು ‘ಸ್ಕಂಧಕ’ದಿಂದ ಬಂದದ್ದೂ ಇದೇ ದಾರಿಯಲ್ಲಿ. ಆದ್ದರಿಂದ ಕಂದಾಚಾರ ಎಂದರೆ ‘ಪಡೆಯ ನಡೆವಳಿ’, ‘ದಂಡಿನ ವ್ಯವಹಾರ’ ಎಂದು ಬಿಡಿಸಿಕೊಳ್ಳಬಹುದು. ಇಲ್ಲಿನ ‘ಆಚಾರ’ಕ್ಕೆ ದೇವರ ಕೋಣೆಯ ಆಚಾರದೊಡನೆ ಸಂಬಂಧವಿಲ್ಲ, ಅದು ನಡೆಸುವ ಕೆಲಸ, ಕಟ್ಟಳೆ.

ಸ್ಕಂಧಾವಾರ ಪದಕ್ಕೂ ಬೆಂಗಳೂರು ತುಮಕೂರು ದಾರಿಯಲ್ಲಿರುವ ಶಿವಗಂಗೆ ಬೆಟ್ಟದ ಸುತ್ತಿನ ಸೀಮೆಗೂ ಹಳೆಯ ನಂಟಿದೆ. ನೆಲಮಂಗಲ ತಾಲ್ಲೂಕಿನಲ್ಲಿ ಈ ಬೆಟ್ಟವಿರುವಂತೆಯೇ ಮಣ್ಣೆ ಎಂಬ ಹಳ್ಳಿಯೂ ಇದೆ. ಇದು ಗಂಗರ ಕಾಲದ ಮಾನ್ಯಪುರ. 8ನೆಯ ಶತಮಾನದಲ್ಲಿ ಆಳಿದ ಗಂಗ ದೊರೆ ಶ್ರೀಪುರುಷನ ತಾಮ್ರಶಾಸನಗಳಲ್ಲಿ ದಾನ ಕೊಟ್ಟ ಸ್ಥಳವನ್ನು ಹೇಳುವಾಗ ಮಾನ್ಯಪುರದ ‘ವಿಜಯಸ್ಕಂಧಾವಾರ’ದ ಉಲ್ಲೇಖ ಬರುತ್ತದೆ. ಗೆಲುವಿನ ಬೀಡು ಎಂದು ಅದರ ಅರ್ಥ. ಅರಸ ಎಲ್ಲಿ ದಂಡಿನೊಡನೆ ನೆಲೆಸಿದ್ದನೋ ಅದೇ ರಾಜಧಾನಿ ಎಂಬ ಕಾಲದ ಮಾತು ಅದು. ಅಚ್ಚ ಕನ್ನಡದಲ್ಲಿ ಇದಕ್ಕೆ ‘ಬೀಡು’, ‘ನೆಲೆವೀಡು’ ಎಂಬ ಪದಗಳಿದ್ದವು. ಇಂದು ಮಣ್ಣೆಯಲ್ಲಿ ಉಳಿದಿರುವುದು ಪಾಳುಬಿದ್ದ ಗುಡಿಗಳು ಮತ್ತು ಶಿಲ್ಪಗಳು. ದಂಡಿನ ನೆಲೆಯಾಗಿ ಶಾಸನಕ್ಕೇರಿದ ಊರು ಈಗ ರಾಗಿ ಹೊಲಗಳ ನಡುವಿನ ಹಳ್ಳಿ.

ಇಲಾಖೆಯ ಹೆಸರಾಗಿ ಕಂದಾಚಾರ ಪ್ರಸಿದ್ಧಿಗೆ ಬಂದದ್ದು ವಿಜಯನಗರದ ಕಾಲದಲ್ಲಿ. ಅಲ್ಲಿನ ಸೇನಾ ಇಲಾಖೆಗೆ ಕಂದಾಚಾರ ಎಂದೇ ಹೆಸರು. ಅದರ ಮೇಲಧಿಕಾರಿ ದಂಡನಾಯಕ ಅಥವಾ ದಣ್ಣಾಯಕ. ಸೈನ್ಯಕ್ಕೆ ಸೇರಿದವರ ಲೆಕ್ಕ, ಕುದುರೆ ಆನೆಗಳ ಲೆಕ್ಕ, ಸಂಬಳದ ಬಟವಾಡೆ ಇವೆಲ್ಲ ಅದರ ಕೆಳಗೆ. ತೆಲುಗಿನಲ್ಲೂ ಪದ ಇದೇ ಸೇನಾ ಅರ್ಥದಲ್ಲಿ ನಡೆಯುತ್ತಿತ್ತು. ಇದರ ಹೊರಗೆ, ಭೂಮಿ ಪಡೆದು ಅದರ ಹುಟ್ಟುವಳಿಯಿಂದ ಪಡೆ ಸಾಕಿ ಅರಸ ಕರೆದಾಗ ಒದಗಿಸುವ ನಾಯಕರ ದೊಡ್ಡ ವ್ಯವಸ್ಥೆಯೂ ಇತ್ತು. ಯಲಹಂಕ ನಾಡಪ್ರಭುಗಳು ಬೆಳೆದದ್ದು ಈ ವ್ಯವಸ್ಥೆಯ ನೆರಳಿನಲ್ಲಿ. 1638ರಲ್ಲಿ ಬಿಜಾಪುರದ ಸೇನಾನಿ ರಣದುಲ್ಲಾ ಖಾನ್ ಬೆಂಗಳೂರನ್ನು ಹಿಡಿದ ಮೇಲೆ ಈ ನಾಡಪ್ರಭುಗಳಾದ ಕೆಂಪೇಗೌಡರ ಮನೆತನ ಮಾಗಡಿಗೆ ಸರಿಯಿತು. ಶಿವಗಂಗೆ ಅವರಿಗೆ ಆರಾಧನೆಯ ಸ್ಥಳವೂ ಹೌದು, ಭದ್ರವಾದ ನೆಲೆಯೂ ಹೌದು. ಬೆಟ್ಟದ ಕೋಟೆಯನ್ನು ಅವರು ಬಲಪಡಿಸಿ ತಮ್ಮ ಭಂಡಾರದ ಒಂದು ಪಾಲನ್ನು ಅಲ್ಲಿಟ್ಟಿದ್ದರೆಂಬುದು ಈ ಸೀಮೆಯಲ್ಲಿ ಬೇರೂರಿದ ಮಾತು. ಗಂಗಾಧರೇಶ್ವರ, ಹೊನ್ನಾದೇವಿ, ಒಳಕಲ್ಲು ತೀರ್ಥ, ತುದಿಯ ನಂದಿ ಎಂದು ಭಕ್ತರು ಹತ್ತುವ ದಾರಿಯಲ್ಲೇ ಪಾಳುಬಿದ್ದ ಕೋಟೆಯ ಕುರುಹುಗಳೂ ಇವೆ.

ಮಾಗಡಿಯ ನಾಡಪ್ರಭುಗಳ ಆಳ್ವಿಕೆ 1728ರಲ್ಲಿ ಮುಗಿಯಿತು. ಮೈಸೂರಿನ ದಳವಾಯಿ ದೇವರಾಜಯ್ಯ ಮಾಗಡಿಯನ್ನೂ ಸಾವನದುರ್ಗವನ್ನೂ ಗೆದ್ದ. ಆ ಹೊತ್ತಿಗೆ ಮೈಸೂರಿನ ಆಡಳಿತದಲ್ಲಿ ಕಂದಾಚಾರ ಗಟ್ಟಿಯಾಗಿ ನೆಲೆಗೊಂಡಿತ್ತು. ಅದನ್ನು ಕಟ್ಟಿ ನಿಲ್ಲಿಸಿದವರು ಚಿಕ್ಕದೇವರಾಜ ಒಡೆಯರು (1673–1704). ಅವರ ಕಾಲದ ಹದಿನೆಂಟು ಚಾವಡಿಗಳ ವ್ಯವಸ್ಥೆಗೆ ‘ಅಠಾರಾ ಕಚೇರಿ’ ಎಂದು ಹೆಸರು. ಬೆಂಗಳೂರಿನ ಈಗಿನ ಹೈಕೋರ್ಟಿನ ಕೆಂಪು ಕಟ್ಟಡಕ್ಕೂ ಆ ಹೆಸರೇ ಬಂತು. ನಿರೂಪದ ಚಾವಡಿ, ಆಯಕಟ್ಟಿನ ಚಾವಡಿ, ಸುಂಕದ ಚಾವಡಿ, ಅರಮನೆಯ ದನದ ಹಿಂಡುಗಳನ್ನು ನೋಡಿಕೊಳ್ಳುವ ಬೆಣ್ಣೆ ಚಾವಡಿ, ಅಂಚೆಯನ್ನೂ ಬೇಹುಗಾರಿಕೆಯನ್ನೂ ನಡೆಸುವ ಬೇಹಿನ ಚಾವಡಿ ಇವುಗಳ ಜೊತೆಗೆ ಎರಡು ಕಂದಾಚಾರದ ಚಾವಡಿಗಳಿದ್ದವು. ಒಂದು ‘ಸೀಮೆ ಕಂದಾಚಾರ’. ರಾಜ್ಯದ ಉದ್ದಗಲಕ್ಕೂ ಹರಡಿದ್ದ ಪಡೆಯ ಲೆಕ್ಕ, ಮದ್ದುಗುಂಡು ಮುಂತಾದ ಸಾಮಾನು, ಸೈನ್ಯಕ್ಕೆ ಆಗುವ ಎಲ್ಲ ಖರ್ಚು ಅದರದು. ಇನ್ನೊಂದು ‘ಬಾಗಿಲ ಕಂದಾಚಾರ’. ಅರಮನೆಯ ಬಾಗಿಲು ಕಾಯುವ, ಅರಸರ ಮೈಗಾವಲಿಗೆ ನಿಲ್ಲುವ ಪಡೆಯ ಲೆಕ್ಕ ಇದಕ್ಕೆ ಸೇರಿತ್ತು. ಈ ವಿವರಗಳನ್ನು ಮಾರ್ಕ್ ವಿಲ್ಕ್ಸ್ ತನ್ನ ಮೈಸೂರು ಚರಿತ್ರೆಯಲ್ಲೂ ಅವನನ್ನು ಅನುಸರಿಸಿ ಬಿ. ಎಲ್. ರೈಸ್ ತನ್ನ ಗೆಜೆಟಿಯರಿನಲ್ಲೂ ಕೊಟ್ಟಿದ್ದಾರೆ.

ಸೀಮೆ, ಬಾಗಿಲು ಎಂಬ ಈ ವಿಂಗಡಣೆಯನ್ನು ನಿಂತು ನೋಡಬೇಕು. ಒಂದೇ ಪದಕ್ಕೆ ಎರಡು ವಿಶೇಷಣ ಸೇರಿಸಿ ನಾಡಿನ ಪಡೆಯನ್ನೂ ಮನೆಯ ಪಡೆಯನ್ನೂ ಬೇರೆ ಮಾಡಿದ್ದಾರೆ. ಆಗಿನ ಕಾರಕೂನರಿಗೆ ಕಂದಾಚಾರ ಎಂದರೆ ಮೊದಲು ಹೊಳೆಯುತ್ತಿದ್ದುದು ಕಾಳಗವಲ್ಲ, ಕಡತ. ಯಾರು ಎಷ್ಟು ಮಂದಿ, ಯಾವ ಊರಿನವರು, ಸಂಬಳ ಎಷ್ಟು, ಬಾಕಿ ಎಷ್ಟು ಎಂಬ ಲೆಕ್ಕ. ಪಡೆಯಲ್ಲಿದ್ದವನಿಗೂ ಅದೇ ಹೆಸರು ಹತ್ತಿದ್ದು ಆಮೇಲಿನ ಬೆಳವಣಿಗೆ ಎನ್ನಬೇಕು; ಇಂದು ‘ಅವನು ಪೊಲೀಸ್’ ಎನ್ನುವಾಗ ಇಲಾಖೆಯ ಹೆಸರು ಮನುಷ್ಯನ ಹೆಸರಾಗುವಂತೆ.

ಈ ಪಡೆಯ ಆಳನ್ನು ‘ಕಂದಾಚಾರದ ಪೇದೆ’ ಎನ್ನುತ್ತಿದ್ದರು. ಅವನು ಪಾಳೆಯದಲ್ಲಿ ಸದಾ ಕವಾಯತು ಮಾಡುವ ಸಿಪಾಯಿಯಲ್ಲ. ತನ್ನ ಊರಿನಲ್ಲೇ ಇದ್ದು ಹೊಲ ಉಳುತ್ತ, ಕರೆ ಬಂದಾಗ ಆಯುಧ ಹಿಡಿದು ಹೊರಡುವ ಒಕ್ಕಲಿನವನು. ಅಂದಿನ ಹಳ್ಳಿಗಳಿಗೆ ಸುತ್ತ ಮಣ್ಣಿನ ಗೋಡೆ, ಮುಳ್ಳುಬೇಲಿ, ಒಂದು ಮೂಲೆಯಲ್ಲೋ ನಡುವೆಯೋ ದುಂಡನೆಯ ಎತ್ತರದ ಹುಡೇವು ಇರುತ್ತಿದ್ದವು. ಲೂಟಿಯವರು ಬಂದರೆಂದರೆ ಹೆಂಗಸರು ಮಕ್ಕಳು ಒಳಸೇರಬೇಕು, ದನ ಅಟ್ಟಬೇಕು, ಹುಡೇವಿನ ಕಂಡಿಗಳಿಂದ ಕೋವಿ ಹಾರಿಸಬೇಕು. ಆ ಹುಡೇವಿನ ಕಾವಲು ಪೇದೆಯ ನಿತ್ಯದ ಕೆಲಸ. ಅವನ ಕೈಯಲ್ಲಿ ಬತ್ತಿ ಹೊತ್ತಿಸಿ ಹಾರಿಸುವ ಕೋವಿಯೋ, ಈಟಿಯೋ, ಕತ್ತಿಯೋ ಇರುತ್ತಿತ್ತು. ಯುದ್ಧವಿಲ್ಲದ ದಿನಗಳಲ್ಲಿ ತಾಲ್ಲೂಕಿನ ಖಜಾನೆಯ ಹಣಕ್ಕೆ ಬೆಂಗಾವಲು ಹೋಗುವುದು, ಕಳ್ಳರ ಜಾಡು ಹಿಡಿಯುವುದು, ತಾಲ್ಲೂಕಿನ ಅಧಿಕಾರಿಯಾದ ಅಮಲ್ದಾರನ ಅಪ್ಪಣೆಯನ್ನು ಹಳ್ಳಿಗೆ ಮುಟ್ಟಿಸುವುದು, ಕಂದಾಯ ಕಟ್ಟದವರನ್ನು ಚಾವಡಿಗೆ ಕರೆತರುವುದು ಇವೂ ಅವನ ಪಾಲಿಗೆ ಬಂದವು. ಸೈನಿಕ, ಪೊಲೀಸ್, ಜವಾನ ಮೂವರೂ ಒಬ್ಬನೇ ಆಗಿದ್ದ ಎಂದರೆ ಸರಿ.

ಶಿವಗಂಗೆಯ ಸೀಮೆಗೆ ಇಂಥ ಪಡೆ ಎಷ್ಟು ಬೇಕಾಗಿತ್ತೆಂಬುದು ಅದರ ಭೂಗೋಳದಿಂದಲೇ ತಿಳಿಯುತ್ತದೆ. ಬೆಂಗಳೂರಿನಿಂದ ತುಮಕೂರಿಗೆ ಹೋಗುವ ದಾರಿ ಈ ಬೆಟ್ಟಗಳ ನಡುವೆ ಹಾಯುತ್ತದೆ. ದಾಬಸ್‌ಪೇಟೆಯ ಹತ್ತಿರ ನಿಜಗಲ್ಲು ದುರ್ಗ, ಇನ್ನೂ ಮುಂದೆ ದೇವರಾಯನದುರ್ಗ, ದಕ್ಷಿಣಕ್ಕೆ ಸಾವನದುರ್ಗ ಮತ್ತು ಹುತ್ರಿದುರ್ಗ, ಪೂರ್ವಕ್ಕೆ ದೊಡ್ಡಬಳ್ಳಾಪುರದ ಕಡೆ ಮಾಕಳಿದುರ್ಗ. 1770ರಲ್ಲಿ ಪೇಶ್ವೆ ಮಾಧವರಾವ್ ಹೈದರಾಲಿಯ ಮೇಲೆ ಬಂದಾಗ ನಿಜಗಲ್ಲು ಮುತ್ತಿಗೆಗೆ ಸಿಕ್ಕಿತು. ಅದನ್ನು ಹತ್ತಿ ಹಿಡಿದವರಲ್ಲಿ ಚಿತ್ರದುರ್ಗದ ಪಾಳೆಯಗಾರನ ಬೇಡರ ಪಡೆ ಹೆಸರು ಮಾಡಿತು. ದೊಡ್ಡ ದಂಡು ಬಂದಾಗ ಊರ ಪೇದೆಗಳು ಅದನ್ನು ತಡೆಯಲಾರರು ನಿಜ. ಆದರೆ ದಂಡಿನ ಹಿಂದೆ ಮುಂದೆ ಹರಡಿ ಸುಲಿಯುತ್ತ ಬರುವ ಸಣ್ಣ ತಂಡಗಳಿಂದ ಹಳ್ಳಿಯನ್ನು ಉಳಿಸಿಕೊಳ್ಳಲು ಅವರಲ್ಲದೆ ಬೇರೆ ಯಾರೂ ಇರಲಿಲ್ಲ. ಕೋಟೆಗಳ ಕಥೆ ಹೇಳುವವರು ಕಿಲ್ಲೇದಾರರ ಹೆಸರು ಹೇಳುತ್ತಾರೆ. ಹುಡೇವಿನ ಮೇಲೆ ರಾತ್ರಿ ಕಳೆದವರ ಹೆಸರು ಯಾವ ಕಲ್ಲಿನ ಮೇಲೂ ಇಲ್ಲ. ಅವರಿಗೆಲ್ಲ ಸೇರಿ ಉಳಿದಿರುವುದು ಕಂದಾಚಾರ ಎಂಬ ಒಂದೇ ಪದ.

ಹೈದರ್ ಮತ್ತು ಟಿಪ್ಪು ಕಾಲದಲ್ಲಿ ಕವಾಯತು ಕಲಿತ ಪದಾತಿ, ಸವಾರ ಮತ್ತು ಫಿರಂಗಿ ಪಡೆಗಳು ಬೆಳೆದವು. ನಾಡಪಡೆ ಕೋಟೆ ಕಾವಲಿಗೂ ಊರ ಕಾವಲಿಗೂ ಉಳಿಯಿತು. ಟಿಪ್ಪು ಆಡಳಿತದ ಹೆಸರುಗಳನ್ನು ಪಾರಸಿಗೆ ತಿರುಗಿಸಿದಾಗ ಈ ಬಗೆಯ ಕಾವಲು ಪದಾತಿಗೆ ‘ಅಹ್‌ಷಾಮ್’ ಎಂಬ ಹೆಸರು ಬಂತು. ಕಡತದಲ್ಲಿ ಹೆಸರು ಬದಲಾದರೂ ಜನರ ಬಾಯಲ್ಲಿ ಹಳೆಯದು ಹೋಗಲಿಲ್ಲ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಮೈಸೂರು ಸೀಮೆಯನ್ನು ಸುತ್ತಿದ ಫ್ರಾನ್ಸಿಸ್ ಬುಕಾನನ್‌ನ ಪ್ರವಾಸ ಕಥನದಲ್ಲೂ ಕಂದಾಚಾರದವರು ನಾಡಿನ ಕಾಲಾಳುಗಳಾಗಿ ಕಾಣಿಸಿಕೊಳ್ಳುತ್ತಾರೆ.

ದಿವಾನ್ ಪೂರ್ಣಯ್ಯನವರ ಆಡಳಿತ (1799–1811) ಕಂದಾಚಾರದ ಚರಿತ್ರೆಯಲ್ಲಿ ಬಹು ಮುಖ್ಯವಾದ ಘಟ್ಟ. ಟಿಪ್ಪುವಿನ ದೊಡ್ಡ ಸೈನ್ಯ ಚದುರಿಹೋಗಿತ್ತು. ಆಯುಧ ಬಲ್ಲ ಸಾವಿರಾರು ಜನ ಕೆಲಸವಿಲ್ಲದೆ ಊರು ಸೇರಿದ್ದರು. ಹಳೆಯ ಪಾಳೆಯಗಾರರ ವಂಶದವರು ಅಲ್ಲಲ್ಲಿ ತಲೆ ಎತ್ತುತ್ತಿದ್ದರು. ಅಂಥವರ ಕಡೆಗೆ ಈ ಜನ ಹರಿದುಹೋಗದಂತೆ ಮಾಡಲು ಪೂರ್ಣಯ್ಯ ಹಿಡಿದ ದಾರಿ ಸರಳವಾಗಿತ್ತು. ತಲೆಮಾರುಗಳಿಂದ ಆಯುಧ ಹಿಡಿದ ಮನೆತನಗಳಿಂದ ಒಬ್ಬೊಬ್ಬನನ್ನಾದರೂ ಕಂದಾಚಾರದ ಪಟ್ಟಿಗೆ ಸೇರಿಸಿದರು. ಹೀಗೆ ಸೇರಿದವರು ಸುಮಾರು 20,000 ಮಂದಿ. ಊರಲ್ಲೇ ಇದ್ದು ಬೇಸಾಯ ಮಾಡುವವನಿಗೆ ಅಲ್ಪ ಸಂಬಳ, ಜಮೀನಿನ ಕಂದಾಯದಲ್ಲಿ ರಿಯಾಯಿತಿ. ಊರು ಬಿಟ್ಟು ಕರ್ತವ್ಯಕ್ಕೆ ಹೊರಟರೆ ಭತ್ಯೆ. ಕವಾಯತು ಪಡೆಗೆ ‘ಬಾರು’, ಕುದುರೆ ಪಡೆಗೆ ‘ಸವಾರು’, ನಾಡಪಡೆಗೆ ‘ಕಂದಾಚಾರ’ ಎಂದು ಇಲಾಖೆಗಳ ಹೆಸರೂ ಖಚಿತವಾಯಿತು. ದಂಗೆಗೆ ಹೋಗಬಹುದಾದವನನ್ನೇ ದಂಗೆ ಅಡಗಿಸುವ ಕೆಲಸಕ್ಕೆ ನಿಲ್ಲಿಸಿ, ಜೊತೆಗೆ ಅವನ ಹೊಲವನ್ನೂ ಅವನಿಗೇ ಬಿಟ್ಟ ಈ ಏರ್ಪಾಡು ಪೂರ್ಣಯ್ಯನವರ ದೂರದೃಷ್ಟಿಗೆ ಒಳ್ಳೆಯ ಸಾಕ್ಷಿ.

ತಾಲ್ಲೂಕಿನಲ್ಲಿ ಈ ಪೇದೆಗಳ ಮೇಲೆ ಕಿಲ್ಲೇದಾರ, ಹೋಬಳಿದಾರ, ದಫೇದಾರ ಎಂಬ ದರ್ಜೆಗಳಿದ್ದವು. ಎಲ್ಲರೂ ಅಮಲ್ದಾರನ ಮಾತಿಗೆ ಒಳಪಟ್ಟವರು. ಹೋಬಳಿ ಎಂಬುದನ್ನು ಈಗ ನಾವು ಕಂದಾಯ ಇಲಾಖೆಯ ಘಟಕವಾಗಿ ಮಾತ್ರ ಬಲ್ಲೆವು. ಪಹಣಿಯಲ್ಲಿ ಶಿವಗಂಗೆ ‘ಸೋಂಪುರ ಹೋಬಳಿ’ಗೆ ಸೇರುತ್ತದೆ. ಆದರೆ ಒಂದು ಕಾಲಕ್ಕೆ ಹೋಬಳಿದಾರ ಎಂದರೆ ಪೇದೆಗಳ ತಂಡದ ಮೇಲ್ವಿಚಾರಕ.

1831ರಲ್ಲಿ ಮೈಸೂರಿನ ಆಡಳಿತ ಬ್ರಿಟಿಷ್ ಕಮಿಷನ್ನಿನ ಕೈಗೆ ಹೋಯಿತು. 1834ರಿಂದ ದೀರ್ಘಕಾಲ ಕಮಿಷನರ್ ಆಗಿದ್ದ ಮಾರ್ಕ್ ಕಬ್ಬನ್ ಹಳೆಯ ಏರ್ಪಾಡುಗಳನ್ನು ಆದಷ್ಟು ಉಳಿಸಿಕೊಂಡೇ ನಡೆದುದರಿಂದ ಕಂದಾಚಾರದ ಪೇದೆಗಳೂ ಮುಂದುವರಿದರು. ಆದರೆ ಯುದ್ಧ ದೂರವಾಗಿತ್ತು. ಕೆಲಸ ಪೂರ್ತಿ ಪೊಲೀಸಿನದು ಮತ್ತು ಕಚೇರಿಯದು. ನಂತರ ಬಂದ ಕಮಿಷನರ್ ಬೌರಿಂಗ್ ಕಾಲದಲ್ಲಿ, 1860ರ ದಶಕದಲ್ಲಿ, ಹೊಸ ಪೊಲೀಸ್ ಕಾಯ್ದೆಯ ಮಾದರಿಯಲ್ಲಿ ಪ್ರತ್ಯೇಕ ಪೊಲೀಸ್ ಇಲಾಖೆ ಜಿಲ್ಲೆಯಿಂದ ಜಿಲ್ಲೆಗೆ ಹರಡತೊಡಗಿತು. ಕಂದಾಚಾರ ಒಂದು ಸಂಸ್ಥೆಯಾಗಿ ಕ್ರಮೇಣ ಕರಗಿತು. ಊರಿನ ಹುಡೇವುಗಳು ಮಳೆಗೆ ಕುಸಿದವು.

ಸಂಸ್ಥೆ ಹೋದ ಮೇಲೆ ಪದ ಒಂಟಿಯಾಯಿತು. ‘ಕಂದ’ ಎಂದರೆ ಪಡೆ ಎಂಬುದು ಯಾರಿಗೂ ನೆನಪಿಲ್ಲ. ಕಂದ ಎಂದರೆ ಮಗು, ಇಲ್ಲವೇ ಪದ್ಯ. ಉಳಿದದ್ದು ಕಿವಿಗೆ ಸ್ಪಷ್ಟವಾಗಿ ಕೇಳುವ ‘ಆಚಾರ’. ಅನಾಚಾರ, ದುರಾಚಾರ, ವಾಮಾಚಾರ, ಮಿಥ್ಯಾಚಾರ ಎಂಬ ಪದಗಳ ಸಾಲಿನಲ್ಲಿ ಕಂದಾಚಾರವೂ ಹೋಗಿ ಕುಳಿತಿತು. ಮೊದಲ ಭಾಗದ ಅರ್ಥ ಗೊತ್ತಿಲ್ಲದ ಆಚಾರ ಎಂಬುದೇ ಅರ್ಥ ಗೊತ್ತಿಲ್ಲದೆ ಪಾಲಿಸುವ ಆಚಾರ ಎಂಬ ಅರ್ಥಕ್ಕೆ ಇಂಬುಕೊಟ್ಟಿರಬೇಕು. ಇದಕ್ಕೆ ಇನ್ನೊಂದು ವಿವರಣೆಯೂ ಸಾಧ್ಯ. ಕಾಯುವುದಕ್ಕೆ ಶತ್ರುವಿಲ್ಲದಿದ್ದರೂ ತಂದೆಯಿಂದ ಮಗನಿಗೆ ಬಂದ ಕಾವಲಿನ ಕೆಲಸ ಹಾಗೇ ನಡೆದುದರಿಂದ ಕಂದಾಚಾರ ಎಂದರೆ ಕಾರಣವಿಲ್ಲದೆ ಮುಂದುವರಿಯುವ ಪದ್ಧತಿ ಎಂಬ ಭಾವ ಹುಟ್ಟಿತೆಂದು ಹೇಳಬಹುದು. ಕೇಳಲು ಇದು ಸೊಗಸಾಗಿದೆ. ಆದರೆ ಭಾಷೆಯ ನಡೆಯನ್ನು ನೋಡಿದರೆ ಮೊದಲಿನದೇ ಹೆಚ್ಚು ನಂಬತಕ್ಕದ್ದು. ಬಳಸುವವರು ಪದಗಳನ್ನು ಚರಿತ್ರೆಯಿಂದ ಅರ್ಥಮಾಡಿಕೊಳ್ಳುವುದಿಲ್ಲ, ಅಕ್ಕಪಕ್ಕದ ಪದಗಳಿಂದ ಅರ್ಥಮಾಡಿಕೊಳ್ಳುತ್ತಾರೆ.

ಹೊಸ ಅರ್ಥದಲ್ಲಿ ಪದ ಹೆಚ್ಚಾಗಿ ಜೋಡಿಯಾಗಿಯೇ ಬರುತ್ತದೆ: ‘ಮೌಢ್ಯ ಕಂದಾಚಾರ’, ‘ಮೂಢನಂಬಿಕೆ, ಕಂದಾಚಾರಗಳು’. ಬಹುವಚನ ಸಲೀಸು, ‘ಕಂದಾಚಾರಿ’ ಎಂದು ಮನುಷ್ಯನಿಗೂ ಹೇಳುತ್ತಾರೆ. ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾಗಿದ್ದ ಎಚ್. ನರಸಿಂಹಯ್ಯನವರು 1976ರಲ್ಲಿ ಪವಾಡ ಮತ್ತು ಮೂಢನಂಬಿಕೆಗಳ ಪರಿಶೀಲನೆಗೆ ಸಮಿತಿ ರಚಿಸಿದ ಕಾಲದಿಂದ ಈಚೆಗೆ, ವೈಚಾರಿಕ ಚರ್ಚೆಗಳಲ್ಲಿ ಈ ಪದ ಇಲ್ಲದೆ ಮಾತು ಸಾಗುವುದೇ ಕಷ್ಟ ಎನ್ನುವಂತಾಗಿದೆ. ಆದರೆ ಕರ್ನಾಟಕದ 2017ರ ಕಾಯ್ದೆಯ ಹೆಸರಿನಲ್ಲಿ ಇರುವುದು ‘ಅಮಾನವೀಯ ದುಷ್ಟ ಪದ್ಧತಿಗಳು’ ಮತ್ತು ‘ವಾಮಾಚಾರ’. ಕಂದಾಚಾರ ಅಲ್ಲಿ ಇಲ್ಲ. ಅದು ಚರ್ಚೆಯ ಪದ, ಕಾನೂನಿನ ಪದವಲ್ಲ. ಆಚಾರಕ್ಕೂ ಕಂದಾಚಾರಕ್ಕೂ ಗೆರೆ ಎಲ್ಲಿ ಎಂಬುದು ಹೇಳುವವನ ನಿಲುವಿನ ಮೇಲೆ ನಿಂತಿರುವುದರಿಂದ ಕಾಯ್ದೆಗೆ ಬೇಕಾದ ಖಚಿತತೆ ಅದಕ್ಕೆ ಸಿಗುವುದೂ ಕಷ್ಟ. ಸಂಕ್ರಾಂತಿಯ ದಿನ ಶಿವಗಂಗೆಯ ತುದಿಯಲ್ಲಿ ಗಂಗೋದ್ಭವದ ತೀರ್ಥಕ್ಕೆ ಕಾಯುವವರಿಗೆ ಅದು ತಲೆತಲಾಂತರದ ಭಕ್ತಿ. ದೂರ ನಿಂತವರು ಬೇರೆ ಪದ ಬಳಸಿಯಾರು. ಆದರೆ ಯಾರಿಗೂ ಕೇಡು ಮಾಡದ ನಂಬಿಕೆಯನ್ನು ಈ ಬೈಗುಳದಿಂದ ಹೊಡೆಯುವುದು ಪದದ ದುರ್ಬಳಕೆಯೇ ಸರಿ.

ಸೇನೆಯ ಪದಗಳು ನಾಗರಿಕ ಬದುಕಿಗೆ ಇಳಿಯುವುದು ಕನ್ನಡದಲ್ಲಿ ಹೊಸತೇನಲ್ಲ. ಪಾರಸಿಯಿಂದ ಬಂದ ‘ಪೇದೆ’ ಮೂಲದಲ್ಲಿ ಕಾಲಾಳು. ಈಗ ಪೊಲೀಸ್ ಇಲಾಖೆಯ ಕೆಳದರ್ಜೆಯವನು, ಚದುರಂಗದ ಮಣೆಯ ಮೇಲೆ ಮಾತ್ರ ಇನ್ನೂ ಸೈನಿಕ. ‘ದಫೇದಾರ’ ಸವಾರರ ಸಣ್ಣ ತಂಡದ ಮುಖ್ಯಸ್ಥನಾಗಿದ್ದವನು ಇಂದು ಜಿಲ್ಲಾಧಿಕಾರಿಯ ಕೋಣೆಯ ಬಾಗಿಲಲ್ಲಿ ಪಟ್ಟಿ ಧರಿಸಿ ನಿಲ್ಲುತ್ತಾನೆ. ‘ಪಾಳೆಯ’ ದಂಡು ಇಳಿದ ಜಾಗ. ಅದು ಸವೆದು ಪಾಳ್ಯವಾಗಿ ಬೆಂಗಳೂರಿನ ಸುತ್ತಲಿನ ಎಷ್ಟೋ ಊರು ಬಡಾವಣೆಗಳ ಹೆಸರಿನ ಕೊನೆಯಲ್ಲಿದೆ. ‘ದಂಡು’ ಎಂದರೆ ಬೆಂಗಳೂರಿನವರಿಗೆ 1809ರಿಂದ ಬೆಳೆದ ಬ್ರಿಟಿಷ್ ಸೇನಾನೆಲೆಯ ಪ್ರದೇಶ. ದಂಡು ರೈಲು ನಿಲ್ದಾಣದ ಹೆಸರಿನಲ್ಲಿ ಅದು ಉಳಿದಿದೆ. ‘ದಳವಾಯಿ’ ಮನೆತನದ ಹೆಸರಾಯಿತು. ಇವೆಲ್ಲ ಅರ್ಥದಲ್ಲಿ ಒಂದು ಮೆಟ್ಟಿಲು ಇಳಿದಿವೆ ಅಥವಾ ಪಕ್ಕಕ್ಕೆ ಸರಿದಿವೆ. ಕಂದಾಚಾರದಂತೆ ಸೇನೆಯ ಗುರುತನ್ನೇ ಪೂರ್ತಿ ಕಳೆದುಕೊಂಡು ಬೇರೊಂದು ಲೋಕದ ಪದವಾದದ್ದು ಇನ್ನೊಂದಿಲ್ಲ.

ಓದುವವರು ಸಾಮಾನ್ಯವಾಗಿ ಎರಡು ಕಡೆ ಎಡವುತ್ತಾರೆ. ಒಂದು, ‘ಕಂದಾಯ’ದೊಡನೆ ಬೆರೆಸುವುದು. ಕಂದಾಯ ಎಂದರೆ ಮೊದಲಿಗೆ ಕಂತು, ವರ್ಷದ ಮೂರನೆಯ ಒಂದು ಪಾಲಾದ ನಾಲ್ಕು ತಿಂಗಳ ಅವಧಿ. ಪಂಚಾಂಗದ ‘ಕಂದಾಯ ಫಲ’ದಲ್ಲಿ ಆ ಅರ್ಥ ಈಗಲೂ ಇದೆ. ಕಂತಿನಲ್ಲಿ ಕಟ್ಟುವ ತೆರಿಗೆಗೆ ಆ ಹೆಸರು ಆಮೇಲೆ ಬಂತು. ಕಂದಾಚಾರದ ಪೇದೆ ಕಂದಾಯ ವಸೂಲಿಗೆ ಹೋಗುತ್ತಿದ್ದನೆಂಬುದು ನಿಜವಾದರೂ ಪದಗಳು ಬೇರೆ. ಎರಡನೆಯದು, ಇಂದಿನ ಅರ್ಥವನ್ನು ಹಳೆಯ ಬರಹಕ್ಕೆ ಹಚ್ಚುವುದು. 19ನೆಯ ಶತಮಾನದ ಮೊದಲ ಭಾಗದ ಮೈಸೂರು ಸೀಮೆಯ ಕಡತದಲ್ಲಿ ‘ಕಂದಾಚಾರದ ಖರ್ಚು’ ಎಂದಿದ್ದರೆ ಅದು ಪೇದೆಗಳ ಸಂಬಳ. ‘ಕಂದಾಚಾರದ ಬಕ್ಷಿ’ ಎಂದರೆ ಆ ಇಲಾಖೆಯ ಅಧಿಕಾರಿ. ‘ಕಂದಾಚಾರಕ್ಕೆ ಸೇರಿದವನು’ ಎಂದರೆ ಪಡೆಯ ಪಟ್ಟಿಯಲ್ಲಿ ಹೆಸರಿರುವವನು. ಗುರುತು ಹಿಡಿಯಲು ಪಕ್ಕದ ಪದಗಳನ್ನು ನೋಡಿದರೆ ಸಾಕು. ಚಾವಡಿ, ಬಕ್ಷಿ, ಪೇದೆ, ಕಿಲ್ಲೇದಾರ, ಸಂಬಳ, ಹುಡೇವು ಇವುಗಳ ನಡುವೆ ಬಂದ ಕಂದಾಚಾರ ಸೇನೆಯದು. ಮೌಢ್ಯ, ಮಡಿ, ಶಕುನ, ಸಂಪ್ರದಾಯಗಳ ನಡುವೆ ಬಂದದ್ದು ಹೊಸದು.